ನಗೆಗೆ ಅಂಜುವ ಅಧಿಕಾರ ಮತ್ತು ನಮ್ಮ ಎರಡು ಅಳತೆಗೋಲುಗಳು

ಟಿ.ವಿ. ವಾಹಿನಿಯೊಂದು ತಡರಾತ್ರಿಯ ಹೊಸ ಹರಟೆ ಕಾರ್ಯಕ್ರಮವನ್ನು ಆರಂಭಿಸುವಾಗ ವಾರಗಟ್ಟಲೆ ಮೊದಲೇ ಜಾಹೀರಾತುಗಳು ಬರತೊಡಗುತ್ತವೆ. ನಿರೂಪಕನ ಆಳೆತ್ತರದ ಚಿತ್ರಗಳು ರಸ್ತೆಯ ಬದಿಯಲ್ಲಿ ನಿಲ್ಲುತ್ತವೆ. ಮೊದಲ ರಾತ್ರಿ ಎಲ್ಲರೂ ನಗುತ್ತಾರೆ. ಎಷ್ಟು ಮಂದಿ ನೋಡಿದರು ಎಂಬ ಲೆಕ್ಕ ಮರುದಿನದ ಪತ್ರಿಕೆಗಳಲ್ಲಿ ಅಚ್ಚಾಗುತ್ತದೆ. ಆದರೆ ಇಂತಹ ಕಾರ್ಯಕ್ರಮದ ನಿಜವಾದ ಬೆಲೆಯನ್ನು ಆ ಮೊದಲ ರಾತ್ರಿಯ ಚಪ್ಪಾಳೆಯಿಂದ ಅಳೆಯಲಾಗದು. ದೇಶದ ಅಧಿಕಾರ ಒಂದು ಕೈಯಿಂದ ಇನ್ನೊಂದು ಕೈಗೆ ಹೋದ ಮೇಲೆ ಬರುವ ಮೊದಲ ರಾತ್ರಿಯೇ ಅದಕ್ಕೆ ಸರಿಯಾದ ಅಳತೆಗೋಲು. ಅಂದು ನಿರೂಪಕ ಯಾರನ್ನು ನೋಡಿ ನಗುತ್ತಾನೆ? ಅಂದು ವೀಕ್ಷಕ ಯಾವುದಕ್ಕೆ ಸಿಟ್ಟಾಗುತ್ತಾನೆ? ಈ ಎರಡು ಪ್ರಶ್ನೆಗಳನ್ನು ನಮ್ಮ ಕಾಲದಲ್ಲಿ ಅತ್ಯಂತ ನಿಷ್ಠುರವಾಗಿ ಮುಂದಿಟ್ಟದ್ದು ಈಜಿಪ್ಟಿನ ಒಂದು ಕಾರ್ಯಕ್ರಮ. ಅದರ ಹೆಸರು ‘ಅಲ್ ಬರ್ನಾಮಜ್’. ‘ಜೀಮ್’ ಅಕ್ಷರವನ್ನು ‘ಗ’ ಎಂದು ಉಚ್ಚರಿಸುವ ಈಜಿಪ್ಟಿನವರ ಬಾಯಲ್ಲಿ ಅದು ‘ಅಲ್ ಬರ್ನಾಮೆಗ್’. ಕನ್ನಡದಲ್ಲಿ ಹೇಳುವುದಾದರೆ ಬರೀ ‘ಕಾರ್ಯಕ್ರಮ’.

ಈ ಪ್ರಕಾರ ಹುಟ್ಟಿದ್ದು ಅರಬ್ ಲೋಕದಲ್ಲಲ್ಲ. ಅಮೆರಿಕದ ಎನ್‌ಬಿಸಿ ವಾಹಿನಿ 1954ರ ಸೆಪ್ಟೆಂಬರ್ 27ರಂದು ಸ್ಟೀವ್ ಆಲನ್ ಎಂಬ ನಿರೂಪಕನೊಂದಿಗೆ ‘ಟುನೈಟ್’ ಕಾರ್ಯಕ್ರಮವನ್ನು ದೇಶವ್ಯಾಪಿಯಾಗಿ ಆರಂಭಿಸಿತು. ನಿರೂಪಕ ಮೊದಲು ನಿಂತುಕೊಂಡೇ ಅಂದಿನ ಸುದ್ದಿಗಳ ಬಗ್ಗೆ ನಾಲ್ಕು ತಮಾಷೆಯ ಮಾತಾಡುತ್ತಾನೆ, ಬಳಿಕ ಮೇಜಿನ ಹಿಂದೆ ಕುಳಿತು ಅತಿಥಿಗಳನ್ನು ಮಾತಾಡಿಸುತ್ತಾನೆ, ಎದುರಿಗೆ ಪ್ರೇಕ್ಷಕರಿರುತ್ತಾರೆ. ಈ ಚೌಕಟ್ಟು ಎಪ್ಪತ್ತು ವರ್ಷಗಳಲ್ಲಿ ಹೆಚ್ಚೇನೂ ಬದಲಾಗಿಲ್ಲ. ಜಾನ್ನಿ ಕಾರ್ಸನ್ 1962ರಿಂದ 1992ರ ತನಕ, ಅಂದರೆ ಮೂವತ್ತು ವರ್ಷ ಅದೇ ಮೇಜಿನ ಹಿಂದೆ ಕುಳಿತರು. ನಮ್ಮ ದೇಶದಲ್ಲಿಯೂ 1997ರಲ್ಲಿ ಶೇಖರ್ ಸುಮನ್ ಸೋನಿ ವಾಹಿನಿಯಲ್ಲಿ ‘ಮೂವರ್ಸ್ ಆ್ಯಂಡ್ ಶೇಕರ್ಸ್’ ನಡೆಸಿ ದಿಲ್ಲಿಯ ನಾಯಕರ ಮಾತಿನ ಧಾಟಿಯನ್ನು ಅನುಕರಿಸಿ ನಗಿಸಿದ್ದು ಅನೇಕರಿಗೆ ನೆನಪಿರಬಹುದು. ದಿನವಿಡೀ ಆಳುವವರ ಮಾತು ಕೇಳಿ ದಣಿದ ಪ್ರಜೆ, ಮಲಗುವ ಮುನ್ನ ಒಮ್ಮೆ ಅವರನ್ನು ನೋಡಿ ನಕ್ಕು ಹಗುರಾಗುತ್ತಾನೆ. ಪ್ರಜಾಪ್ರಭುತ್ವ ಆತನಿಗೆ ಕೊಟ್ಟಿರುವ ಸಣ್ಣ ಸವಲತ್ತು ಇದು. ಆದರೆ ಈ ಸಣ್ಣ ಸವಲತ್ತನ್ನು ಕಂಡರೆ ದೊಡ್ಡ ದೊಡ್ಡ ಅಧಿಕಾರಸ್ಥರೂ ಯಾಕೆ ಬೆವರುತ್ತಾರೆ?

ಬಾಸಿಮ್ ಯೂಸುಫ್ ವೃತ್ತಿಯಲ್ಲಿ ಹೃದಯ ಶಸ್ತ್ರಚಿಕಿತ್ಸಕ. 2011ರ ಜನವರಿ-ಫೆಬ್ರವರಿಯಲ್ಲಿ ಹುಸ್ನಿ ಮುಬಾರಕ್‌ರ ಮೂವತ್ತು ವರ್ಷಗಳ ಆಡಳಿತದ ವಿರುದ್ಧ ಕೈರೋದ ತಹ್ರೀರ್ ಚೌಕದಲ್ಲಿ ಜನಸಾಗರ ಸೇರಿದಾಗ, ಅವರು ಅಲ್ಲಿಗೆ ಹೋದದ್ದು ಗಾಯಾಳುಗಳಿಗೆ ಚಿಕಿತ್ಸೆ ನೀಡಲು. ಚೌಕದಲ್ಲಿ ಕಣ್ಣಾರೆ ಕಂಡದ್ದು ಒಂದು, ರಾತ್ರಿ ಸರಕಾರಿ ಟಿ.ವಿ.ಯಲ್ಲಿ ಬಂದದ್ದು ಇನ್ನೊಂದು. ಪ್ರತಿಭಟನಕಾರರೆಲ್ಲ ವಿದೇಶಿ ಏಜೆಂಟರು ಎಂದು ಆ ವಾಹಿನಿಗಳು ಸಾರುತ್ತಿದ್ದವು. ಮುಬಾರಕ್ ಅಧಿಕಾರ ಬಿಟ್ಟಿಳಿದ ಮರುತಿಂಗಳು, 2011ರ ಮಾರ್ಚ್‌ನಲ್ಲಿ, ಈ ವೈದ್ಯ ತನ್ನ ಮನೆಯಲ್ಲಿ ಬಟ್ಟೆ ಒಗೆಯುವ ಕೋಣೆಯಲ್ಲಿ ಒಂದು ಮೇಜು, ಒಂದು ಕುರ್ಚಿ, ಒಂದು ಕ್ಯಾಮರಾ ಇಟ್ಟುಕೊಂಡು, ಹಿಂದಿನ ಗೋಡೆಗೆ ತಹ್ರೀರ್‌ನ ಚಿತ್ರಗಳನ್ನು ಅಂಟಿಸಿ, ಆ ಸುಳ್ಳುಗಳನ್ನು ಒಂದೊಂದಾಗಿ ತೋರಿಸಿ ನಗಿಸುವ ಐದಾರು ನಿಮಿಷಗಳ ತುಣುಕುಗಳನ್ನು ಯೂಟ್ಯೂಬ್‌ಗೆ ಹಾಕತೊಡಗಿದರು. ಮೂರು ತಿಂಗಳೊಳಗೆ ಅವುಗಳನ್ನು ನೋಡಿದವರ ಸಂಖ್ಯೆ 50 ಲಕ್ಷವನ್ನು ದಾಟಿತು. ಅದು ಮೊದಲನೆಯ ಆರಂಭ.

ಎರಡನೆಯ ಆರಂಭ ಅದೇ ವರ್ಷದ ರಮಝಾನ್‌ನಲ್ಲಿ, ಉದ್ಯಮಿ ನಜೀಬ್ ಸಾವಿರಿಸ್‌ರ ಒಡೆತನದಲ್ಲಿದ್ದ ಓಎನ್‌ಟಿವಿಯಲ್ಲಿ. ಮೂರನೆಯದು 2012ರ ನವೆಂಬರ್‌ನಲ್ಲಿ, ಸಿಬಿಸಿ ವಾಹಿನಿಯಲ್ಲಿ. ಈ ಬಾರಿ ಕೈರೋದ ನಡುಮಧ್ಯದ ಹಳೆಯ ರೇಡಿಯೋ ಥಿಯೇಟರ್‌ನಲ್ಲಿ ಪ್ರೇಕ್ಷಕರನ್ನು ಎದುರಿಗೆ ಕೂರಿಸಿ, ಅಮೆರಿಕದ ಜಾನ್ ಸ್ಟೂವರ್ಟ್‌ರ ‘ಡೈಲಿ ಶೋ’ ಮಾದರಿಯಲ್ಲಿ, ಪ್ರತಿ ಶುಕ್ರವಾರ ರಾತ್ರಿ. ಸಿಬಿಸಿಯ ಮೊದಲ ಕಂತಿನಲ್ಲಿಯೇ ಅವರು ತನಗೆ ಸಂಬಳ ಕೊಡುವ ವಾಹಿನಿಯನ್ನೂ ಅದರ ಪ್ರಸಿದ್ಧ ನಿರೂಪಕರನ್ನೂ ಗೇಲಿ ಮಾಡಿದರು. ವಾರಕ್ಕೆ ಸುಮಾರು ಮೂರು ಕೋಟಿ ಜನ ನೋಡುತ್ತಾರೆಂದು ಅಂದಿನ ವರದಿಗಳು ಹೇಳುತ್ತಿದ್ದವು. ಎಂಟೂವರೆ ಕೋಟಿಯ ಆಸುಪಾಸಿನ ಜನಸಂಖ್ಯೆಯ ದೇಶದಲ್ಲಿ ಇದು ಸಣ್ಣ ಸಂಖ್ಯೆಯಲ್ಲ.

ಈಗ ನಮಗೆ ಸಂಬಂಧಿಸಿದ ಭಾಗ ಬರುತ್ತದೆ. ಆ ಹೊತ್ತಿಗೆ ಈಜಿಪ್ಟನ್ನು ಆಳುತ್ತಿದ್ದವರು ಮುಹಮ್ಮದ್ ಮುರ್ಸಿ. ಮುಸ್ಲಿಮ್ ಬ್ರದರ್‌ಹುಡ್‌ನಿಂದ ಬಂದವರು, ಕುರ್‌ಆನ್ ಕಂಠಪಾಠವಿದ್ದ ಎಂಜಿನಿಯರ್, ಆ ದೇಶದ ಇತಿಹಾಸದಲ್ಲಿ ಮುಕ್ತ ಚುನಾವಣೆಯಲ್ಲಿ ಗೆದ್ದ ಮೊದಲ ಅಧ್ಯಕ್ಷ. 2012ರ ಜೂನ್ 30ರಂದು ಅವರು ಪ್ರಮಾಣ ವಚನ ಸ್ವೀಕರಿಸಿದಾಗ ಜಗತ್ತಿನಾದ್ಯಂತ ಮುಸ್ಲಿಮರು ಸಂಭ್ರಮಪಟ್ಟಿದ್ದರು. ನಾವೂ ಸಂಭ್ರಮಪಟ್ಟವರೇ. ಅಂತಹ ಮುರ್ಸಿಯವರು ನವೆಂಬರ್ 22ರಂದು ತಮ್ಮ ನಿರ್ಧಾರಗಳನ್ನು ನ್ಯಾಯಾಲಯಗಳು ಪ್ರಶ್ನಿಸುವಂತಿಲ್ಲ ಎಂಬ ಘೋಷಣೆ ಹೊರಡಿಸಿದರು. ಶುಕ್ರವಾರ ರಾತ್ರಿಯ ವೈದ್ಯನ ಕತ್ತರಿ ಅವರ ಕಡೆಗೆ ತಿರುಗಿತು. ಅವರ ಭಾಷಣಗಳ ಉದ್ದ, ಕೈಸನ್ನೆ, ಮಾತಿನ ಅಸಂಗತತೆ ಎಲ್ಲವೂ ನಗೆಯ ವಸ್ತುಗಳಾದವು. 2013ರ ಮಾರ್ಚ್‌ನಲ್ಲಿ ಪಾಕಿಸ್ತಾನದ ವಿಶ್ವವಿದ್ಯಾನಿಲಯವೊಂದು ಮುರ್ಸಿಯವರಿಗೆ ಗೌರವ ಡಾಕ್ಟರೇಟ್ ಕೊಟ್ಟಾಗ ಅವರು ಧರಿಸಿದ್ದ ಟೋಪಿಯ ಹತ್ತು ಪಟ್ಟು ದೊಡ್ಡ ಟೋಪಿ ಬಾಸಿಮ್‌ರ ತಲೆಯ ಮೇಲೆ ಬಂದು ಕುಳಿತಿತು.

ಅದೇ ತಿಂಗಳ 30ರಂದು ಪ್ರಾಸಿಕ್ಯೂಟರ್ ಜನರಲ್ ಬಂಧನದ ಆದೇಶ ಹೊರಡಿಸಿದರು. ಆರೋಪಗಳು ಎರಡು: ಅಧ್ಯಕ್ಷರ ಅವಮಾನ ಮತ್ತು ಇಸ್ಲಾಮಿನ ಅವಮಾನ. ಮರುದಿನ ಬಾಸಿಮ್ ಅದೇ ಭಾರೀ ಟೋಪಿಯನ್ನು ಧರಿಸಿಕೊಂಡು ವಿಚಾರಣೆಗೆ ಹಾಜರಾದರು. ಗಂಟೆಗಳ ಕಾಲ ಪ್ರಶ್ನಿಸಿ, 15,000 ಪೌಂಡ್ ಜಾಮೀನಿನ ಮೇಲೆ ಅವರನ್ನು ಬಿಡಲಾಯಿತು. ನ್ಯಾಯದ ದೃಷ್ಟಿಯಿಂದ ಇನ್ನೊಂದು ಮಗ್ಗುಲನ್ನೂ ಹೇಳಬೇಕು. ಈ ದೂರಿಗೆ ತಾನು ಕಕ್ಷಿಯಲ್ಲ ಎಂದು ಅಧ್ಯಕ್ಷರ ಕಚೇರಿ ಹೇಳಿತು. ಏಪ್ರಿಲ್‌ನಲ್ಲಿ ಪತ್ರಕರ್ತರ ಮೇಲಿನ ತನ್ನ ದೂರುಗಳನ್ನು ಹಿಂದಕ್ಕೆ ಪಡೆಯಿತು. ಕಾರ್ಯಕ್ರಮವನ್ನೇ ನಿಷೇಧಿಸಬೇಕೆಂಬ ಅರ್ಜಿಯನ್ನು ನ್ಯಾಯಾಲಯ ತಳ್ಳಿಹಾಕಿತು. ಕಾರ್ಯಕ್ರಮ ನಿಲ್ಲಲಿಲ್ಲ. ಜೂನ್‌ನಲ್ಲಿ ಸ್ವತಃ ಜಾನ್ ಸ್ಟೂವರ್ಟ್ ಕೈರೋಗೆ ಬಂದು ಆ ವೇದಿಕೆಯಲ್ಲಿ ಕುಳಿತು, ಒಂದು ತಮಾಷೆಯನ್ನು ತಾಳಿಕೊಳ್ಳಲಾಗದ ಆಡಳಿತ ಆಡಳಿತವೇ ಅಲ್ಲ ಎಂಬ ಅರ್ಥದ ಮಾತಾಡಿ ಹೋದರು.

ಆ ದಿನಗಳಲ್ಲಿ ನಮ್ಮ ವಲಯದ ಪ್ರತಿಕ್ರಿಯೆ ಹೇಗಿತ್ತು? ನೆನಪಿಸಿಕೊಳ್ಳಲು ಸ್ವಲ್ಪ ಮುಜುಗರವಾಗುತ್ತದೆ. ಗಡ್ಡವಿರುವ, ನಮಾಝ್ ಮಾಡುವ, ಕುರ್‌ಆನ್ ಬಲ್ಲ ಅಧ್ಯಕ್ಷನನ್ನು ಗೇಲಿ ಮಾಡುವುದೆಂದರೆ ಗಡ್ಡವನ್ನು, ನಮಾಝನ್ನು, ಕುರ್‌ಆನನ್ನು ಗೇಲಿ ಮಾಡಿದಂತೆ ಎಂದು ನಮ್ಮಲ್ಲಿ ಅನೇಕರು ಭಾವಿಸಿದರು. ಬಾಸಿಮ್‌ರು ಯಾರ ಹಣದಿಂದ ಮಾತಾಡುತ್ತಾರೆ ಎಂದು ಕೇಳಿದೆವು. ಮುರ್ಸಿ ಯಾಕೆ ಹಾಗೆ ಘೋಷಿಸಿದರು ಎಂದು ಕೇಳುವ ಮೊದಲೇ, ಅದನ್ನು ನೋಡಿ ನಕ್ಕವನ ಉದ್ದೇಶವನ್ನು ವಿಚಾರಣೆಗೆ ಗುರಿಪಡಿಸಿದೆವು. ಆಡಳಿತಗಾರನ ತಪ್ಪಿಗೆ ದೀನ್‌ನ ಹೊದಿಕೆ ಹೊದಿಸಿದ್ದು ಆಡಳಿತಗಾರನಲ್ಲ, ಆತನನ್ನು ಪ್ರೀತಿಸಿದ ನಾವು.

2013ರ ಜುಲೈ 3ರಂದು ಸೇನಾ ಮುಖ್ಯಸ್ಥ ಅಬ್ದುಲ್ ಫತ್ತಾಹ್ ಅಲ್ ಸಿಸಿ ಚುನಾಯಿತ ಅಧ್ಯಕ್ಷನನ್ನು ಪದಚ್ಯುತಗೊಳಿಸಿದರು. ಅದೇ ರಾತ್ರಿ ಇಸ್ಲಾಮೀ ಒಲವಿನ ಟಿ.ವಿ. ವಾಹಿನಿಗಳ ಪ್ರಸಾರವನ್ನು ಕಡಿದು ಹಾಕಲಾಯಿತು. ಮಾರ್ಚ್‌ನಲ್ಲಿ ಅಭಿವ್ಯಕ್ತಿ ಸ್ವಾತಂತ್ರ್ಯಕ್ಕಾಗಿ ಗಂಟಲು ಹರಿದುಕೊಂಡಿದ್ದ ಅನೇಕ ಉದಾರವಾದಿಗಳು ಅಂದು ಚಪ್ಪಾಳೆ ತಟ್ಟಿದರು. ಆಗಸ್ಟ್ 14ರಂದು ರಾಬಿಅ ಅಲ್ ಅದವಿಯ ಚೌಕದಲ್ಲಿ ನಡೆದದ್ದು ಹತ್ಯಾಕಾಂಡ. ಕನಿಷ್ಠ 817 ಮಂದಿ, ಬಹುಶಃ ಸಾವಿರಕ್ಕೂ ಹೆಚ್ಚು ಮಂದಿ ಅಂದು ಅಲ್ಲಿ ಕೊಲ್ಲಲ್ಪಟ್ಟರೆಂದು ಹ್ಯೂಮನ್ ರೈಟ್ಸ್ ವಾಚ್ ದಾಖಲಿಸಿದೆ. ಆ ಚಪ್ಪಾಳೆ ಆಗಲೂ ಪೂರ್ತಿಯಾಗಿ ನಿಲ್ಲಲಿಲ್ಲ. ಅವರಿಗೂ ಎರಡು ಅಳತೆಗೋಲುಗಳಿದ್ದವು.

ಬಾಸಿಮ್ ಏನು ಮಾಡಿದರು? ಅವರೂ ಮುರ್ಸಿಯ ಪತನವನ್ನು ಬಯಸಿದವರೇ, ಅದನ್ನು ಮುಚ್ಚಿಟ್ಟವರಲ್ಲ. ಆದರೆ ಅದೇ ಜುಲೈಯಲ್ಲಿ ತನ್ನ ಅಂಕಣದಲ್ಲಿ, ವಿರೋಧಿಗಳನ್ನು ಮನುಷ್ಯರೆಂದೇ ಎಣಿಸದ ಹೊಸ ಉನ್ಮಾದದ ಬಗ್ಗೆ ತನ್ನದೇ ಪಾಳಯವನ್ನು ಎಚ್ಚರಿಸಿದರು. ಅಕ್ಟೋಬರ್ 25ರಂದು, ನಾಲ್ಕು ತಿಂಗಳ ಬಿಡುವಿನ ಬಳಿಕ, ಕಾರ್ಯಕ್ರಮ ಮತ್ತೆ ಬಂತು. ಅಧಿಕಾರ ಬದಲಾದ ಮೇಲಿನ ಮೊದಲ ಶುಕ್ರವಾರ ಅದು. ಬೀದಿ ಬೀದಿಗಳಲ್ಲಿ ಸೇನಾಧಿಕಾರಿಯ ಚಿತ್ರಗಳು ತೂಗುತ್ತಿದ್ದವು, ಅಂಗಡಿಗಳಲ್ಲಿ ಆತನ ಮುಖವಿರುವ ಚಾಕಲೇಟುಗಳು ಮಾರಾಟವಾಗುತ್ತಿದ್ದವು. ಬಾಸಿಮ್‌ರು ಬ್ರದರ್‌ಹುಡ್‌ನವರನ್ನು ಬಿಡಲಿಲ್ಲ. ಆದರೆ ಆ ಚಾಕಲೇಟುಗಳನ್ನೂ ಬಿಡಲಿಲ್ಲ. ಆಳುತ್ತಿರುವವನನ್ನು ಆರಾಧಿಸುವ ಜನರ ಭಕ್ತಿಯನ್ನು ನೋಡಿ ನಕ್ಕರು.

ಪರಿಣಾಮ? ಎರಡನೆಯ ಕಂತು ಪ್ರಸಾರವಾಗಲೇ ಇಲ್ಲ. ಮುರ್ಸಿಯವರ ಒಂದು ವರ್ಷದ ಆಡಳಿತದಲ್ಲಿ ಬಂಧನದ ಆದೇಶವನ್ನೂ ದಾಟಿ ಉಳಿದ ಕಾರ್ಯಕ್ರಮ, ಸೇನೆಯ ನೆರಳಿನಲ್ಲಿ ಒಂದೇ ರಾತ್ರಿಗೆ ಮುಗಿಯಿತು. ಆದೇಶ ಹೊರಡಿಸಲು ಪ್ರಾಸಿಕ್ಯೂಟರ್ ಕೂಡಾ ಬೇಕಾಗಲಿಲ್ಲ. ವಾಹಿನಿಯೇ ಬಾಗಿಲು ಹಾಕಿಕೊಂಡಿತು. 2014ರ ಫೆಬ್ರವರಿಯಲ್ಲಿ ಎಂಬಿಸಿ ಮಿಸ್ರ್ ಎಂಬ ಸೌದಿ ಒಡೆತನದ ವಾಹಿನಿಯಲ್ಲಿ ನಾಲ್ಕನೆಯ ಆರಂಭವಾಯಿತು. ಅಧ್ಯಕ್ಷೀಯ ಚುನಾವಣೆಯ ಸಮಯದಲ್ಲಿ ಮತದಾರರ ಮೇಲೆ ಪ್ರಭಾವ ಬೀರಬಾರದೆಂಬ ಕಾರಣ ಕೊಟ್ಟು ಅದನ್ನು ತಡೆಹಿಡಿಯಲಾಯಿತು. ಸಿಸಿ ಗೆದ್ದರು. ಜೂನ್ 2ರಂದು ಬಾಸಿಮ್ ಪತ್ರಿಕಾಗೋಷ್ಠಿ ಕರೆದು ಕಾರ್ಯಕ್ರಮ ಕೊನೆಗೊಂಡಿತೆಂದು ಸಾರಿದರು. ಅದೇ ವರ್ಷ ಹಳೆಯ ವಾಹಿನಿಯೊಂದಿಗಿನ ವ್ಯಾಜ್ಯದಲ್ಲಿ ಕೋಟಿಗಟ್ಟಲೆ ಪೌಂಡುಗಳ ಪರಿಹಾರ ಕೊಡಬೇಕೆಂಬ ತೀರ್ಪು ಬಂತು. ಅವರು ದೇಶ ಬಿಟ್ಟು ಹೊರಟರು.

ಈಜಿಪ್ಟಿಗೆ ಇದು ಹೊಸ ಕಥೆಯೇನೂ ಅಲ್ಲ. 1877ರಲ್ಲಿ ಯಾಕೂಬ್ ಸನೂಅ್ ಎಂಬ ಕೈರೋದ ಯಹೂದಿ ಲೇಖಕ ‘ಅಬೂ ನಝ್ಝಾರ’, ಅಂದರೆ ‘ಕನ್ನಡಕದಯ್ಯ’ ಎಂಬ ಹೆಸರಿನಲ್ಲಿ ಬೀದಿಯ ಆಡುಮಾತಿನ ಅರಬಿಯಲ್ಲಿ ವಿಡಂಬನೆಯ ಪತ್ರಿಕೆ ಹೊರಡಿಸಿದ. ದೇಶವನ್ನು ಸಾಲದಲ್ಲಿ ಮುಳುಗಿಸಿದ್ದ ಖೆದೀವ್ ಇಸ್ಮಾಯೀಲ್‌ನನ್ನು ಗೇಲಿ ಮಾಡಿದ. ಪತ್ರಿಕೆ ಬಹುಕಾಲ ಬಾಳಲಿಲ್ಲ, ಮರುವರ್ಷವೇ ಸನೂಅ್ ಗಡೀಪಾರಾಗಿ ಪ್ಯಾರಿಸ್ ಸೇರಿದ. ಅಲ್ಲಿಂದಲೇ ಪತ್ರಿಕೆ ಮುಂದುವರಿಸಿದ. ಆತನ ಗಡೀಪಾರಿಗೂ ಬಾಸಿಮ್‌ರ ನಿರ್ಗಮನಕ್ಕೂ ನಡುವೆ 136 ವರ್ಷಗಳು ಕಳೆದಿವೆ. ಅರಮನೆಯಲ್ಲಿ ಖೆದೀವ್ ಹೋಗಿ ದೊರೆ ಬಂದ, ದೊರೆ ಹೋಗಿ ಕರ್ನಲ್ ಬಂದ, ಕೊನೆಗೆ ಫೀಲ್ಡ್ ಮಾರ್ಷಲ್ ಬಂದ. ನಗೆಯ ಮೇಲಿನ ಭಯ ಮಾತ್ರ ಅಲ್ಲಿಯೇ ಉಳಿಯಿತು.

ಇನ್ನು ನಮ್ಮ ಮುಂದಿರುವ ಪ್ರಶ್ನೆಗೆ ಬರೋಣ. ಇಸ್ಲಾಮ್ ಇಂತಹ ನಗೆಯನ್ನು ಒಪ್ಪುತ್ತದೆಯೇ? ಸೂರಃ ಅಲ್ ಹುಜುರಾತ್‌ನ ಹನ್ನೊಂದನೆಯ ಆಯತ್ ಒಂದು ಗುಂಪು ಇನ್ನೊಂದು ಗುಂಪನ್ನು ಗೇಲಿ ಮಾಡುವುದನ್ನು, ಅಡ್ಡಹೆಸರಿಟ್ಟು ಕರೆಯುವುದನ್ನು ಸ್ಪಷ್ಟವಾಗಿ ತಡೆಯುತ್ತದೆ. ಮದ್ರಸದಲ್ಲಿ ಈ ಆಯತನ್ನು ಓದಿದ ಯಾರೂ ಅದನ್ನು ಹಗುರವಾಗಿ ಕಾಣಲಾರರು. ಇನ್ನೊಂದೆಡೆ, ಅಕ್ರಮಿ ಆಡಳಿತಗಾರನ ಮುಂದೆ ಸತ್ಯ ನುಡಿಯುವುದನ್ನು ಪ್ರವಾದಿ ಮುಹಮ್ಮದ್(ಸ) ಶ್ರೇಷ್ಠ ಜಿಹಾದ್‌ಗಳ ಸಾಲಿಗೆ ಸೇರಿಸಿದ್ದಾರೆ. ಈ ಎರಡು ಬೋಧನೆಗಳ ನಡುವೆ ವೈರುಧ್ಯವಿಲ್ಲ. ಮೊದಲನೆಯದು ಮನುಷ್ಯನ ಘನತೆಯನ್ನು ಕಾಯುತ್ತದೆ: ಒಬ್ಬನ ಹುಟ್ಟು, ಬಣ್ಣ, ಬಡತನ, ಅಂಗವೈಕಲ್ಯ, ವಿಶ್ವಾಸ ಇವು ನಗೆಯ ವಸ್ತುಗಳಾಗಬಾರದು. ಎರಡನೆಯದು ಸಮಾಜದ ಘನತೆಯನ್ನು ಕಾಯುತ್ತದೆ: ಅಧಿಕಾರ ಹಿಡಿದವನ ಕೃತ್ಯ, ಸುಳ್ಳು, ದರ್ಪ ಇವು ಪ್ರಶ್ನೆಗೊಳಗಾಗದೆ ಉಳಿಯಬಾರದು. ಪ್ರಶ್ನೆ ಕೆಲವೊಮ್ಮೆ ಖುತ್ಬಾದ ಭಾಷೆಯಲ್ಲಿ ಬರುತ್ತದೆ, ಕೆಲವೊಮ್ಮೆ ನಗೆಯ ಭಾಷೆಯಲ್ಲಿ ಬರುತ್ತದೆ. ಒಂಬತ್ತನೆಯ ಶತಮಾನದಲ್ಲಿ ಬಸ್ರಾದ ಅಲ್ ಜಾಹಿಝ್ ಜಿಪುಣರ ಬಗ್ಗೆ ಇಡೀ ಗ್ರಂಥವನ್ನೇ ಬರೆದು ನಗಿಸಿದಾಗ ಅದು ಅರಬೀ ಸಾಹಿತ್ಯದ ಹೆಮ್ಮೆಯಾಯಿತು. ಖಲೀಫ ಹಾರೂನ್ ರಶೀದ್‌ನೆದುರು ಬಹ್ಲೂಲ್ ಆಡಿದನೆನ್ನಲಾದ ಮಾತುಗಳನ್ನು ನಮ್ಮ ಅಜ್ಜಿಯಂದಿರೂ ಬಲ್ಲರು. ಖಲೀಫ ಉಮರ್(ರ)ರು ಭಾಷಣಕ್ಕೆ ನಿಂತಾಗ ಒಬ್ಬರು ಎದ್ದು ಅವರ ಮೈಮೇಲಿನ ಬಟ್ಟೆಯ ಲೆಕ್ಕ ಕೇಳಿದ ಪ್ರಸಂಗವನ್ನು ನಮ್ಮ ಭಾಷಣಕಾರರು ಎಷ್ಟು ಬಾರಿ ಹೇಳಿಲ್ಲ? ಅದನ್ನು ಕೇಳಿ ನಾವು ಎಷ್ಟು ಬಾರಿ ಮೈ ಜುಮ್ಮೆನಿಸಿಕೊಂಡಿಲ್ಲ? ಹಾಗಾದರೆ, ಉಮರ್(ರ)ರ ಧೂಳಿಗೂ ಸಮನಲ್ಲದ ಇಂದಿನ ನಾಯಕರ ಲೆಕ್ಕ ಕೇಳಿದಾಗ ಮಾತ್ರ ನಮಗೆ ದೀನ್ ಅಪಾಯದಲ್ಲಿರುವಂತೆ ಯಾಕೆ ಕಾಣಬೇಕು?

ಬಾಸಿಮ್‌ರ ಎಲ್ಲ ಮಾತುಗಳನ್ನು ನಾವು ಸಮರ್ಥಿಸುತ್ತಿಲ್ಲ. ಅವರ ನಗೆಯಲ್ಲಿ ಅಶ್ಲೀಲದ ಸೋಂಕಿತ್ತು. ಮನೆಮಂದಿಯ ಜತೆ ಕುಳಿತು ನೋಡಲಾಗದ ದ್ವಂದ್ವಾರ್ಥಗಳಿದ್ದವು. ಅವರ ಗೇಲಿಯೇ ಸೇನೆಗೆ ದಾರಿ ಮಾಡಿಕೊಟ್ಟಿತು ಎಂಬ ಆಕ್ಷೇಪವೂ ಇದೆ. ಅದನ್ನು ಪೂರ್ತಿ ತಳ್ಳಿಹಾಕುವುದು ಸರಿಯಲ್ಲ. ಒಬ್ಬ ನಾಯಕನನ್ನು ವಾರವಾರ ನಗೆಪಾಟಲಿಗೀಡು ಮಾಡಿದಾಗ, ಆತನನ್ನು ಸೆರೆಯಲ್ಲಿಟ್ಟರೂ ಯಾರಿಗೂ ನೋವಾಗದಂತಹ ವಾತಾವರಣ ಉಂಟಾಗಬಹುದು. 2019ರ ಜೂನ್ 17ರಂದು ಮುರ್ಸಿಯವರು ನ್ಯಾಯಾಲಯದಲ್ಲಿಯೇ ಕುಸಿದು ಮೃತಪಟ್ಟಾಗ ಅವರ ದೇಶದಲ್ಲಿ ಗಟ್ಟಿಯಾಗಿ ಅಳುವ ಸ್ವಾತಂತ್ರ್ಯವೂ ಉಳಿದಿರಲಿಲ್ಲ. ಆದರೂ ಟ್ಯಾಂಕುಗಳನ್ನು ಬೀದಿಗಿಳಿಸಿದ್ದು ನಗೆಯಲ್ಲ, ಬಂದೂಕು. ಆ ಬಂದೂಕು ಅಧಿಕಾರಕ್ಕೆ ಬಂದೊಡನೆ ಮೊದಲು ಬಾಯಿ ಮುಚ್ಚಿಸಿದವರಲ್ಲಿ ಬ್ರದರ್‌ಹುಡ್‌ನ ವಾಹಿನಿಗಳೂ ಇದ್ದವು, ಬ್ರದರ್‌ಹುಡ್‌ಅನ್ನು ಗೇಲಿ ಮಾಡಿದ ಕಾರ್ಯಕ್ರಮವೂ ಇತ್ತು ಎಂಬುದೇ ಇದಕ್ಕೆ ಸಾಕ್ಷಿ. ನಗುವವನೂ ನಗೆಗೊಳಗಾದವನೂ ಒಂದೇ ಹಡಗಿನಲ್ಲಿದ್ದರು. ಅದು ಇಬ್ಬರಿಗೂ ತಿಳಿದದ್ದು ಹಡಗು ಮುಳುಗಿದ ಮೇಲೆ.

ಇದು ಅರಬರ ಹಿಂದುಳಿದಿರುವಿಕೆ, ಪಶ್ಚಿಮದಲ್ಲಿ ಹೀಗಾಗದು ಎಂದು ಹೇಳುವವರಿದ್ದಾರೆ. 2025ರ ಜುಲೈನಲ್ಲಿ ಅಮೆರಿಕದ ಸಿಬಿಎಸ್ ವಾಹಿನಿ, 2015ರಿಂದ ಸ್ಟೀಫನ್ ಕೋಲ್‌ಬೇರ್ ನಡೆಸುತ್ತಿದ್ದ ‘ಲೇಟ್ ಶೋ’ವನ್ನು 2026ರ ಮೇಯಲ್ಲಿ ಕೊನೆಗೊಳಿಸುವುದಾಗಿ ಪ್ರಕಟಿಸಿತು. ಕಾರಣ ಕೇವಲ ಹಣಕಾಸಿನದು ಎಂದು ವಾಹಿನಿ ಹೇಳಿತು. ಆದರೆ ಅಧ್ಯಕ್ಷ ಟ್ರಂಪ್ ಹೂಡಿದ್ದ ಮೊಕದ್ದಮೆಯನ್ನು 160 ಲಕ್ಷ ಡಾಲರ್ ಕೊಟ್ಟು ಇತ್ಯರ್ಥಪಡಿಸಿಕೊಂಡ ತನ್ನ ಮಾಲಕ ಸಂಸ್ಥೆಯನ್ನು ಕೋಲ್‌ಬೇರ್ ಪ್ರಸಾರದಲ್ಲಿಯೇ ಟೀಕಿಸಿ ಆಗ ಕೆಲವೇ ದಿನಗಳಾಗಿದ್ದವು. ಅದೇ ವರ್ಷದ ಸೆಪ್ಟೆಂಬರ್‌ನಲ್ಲಿ ಪ್ರಸಾರ ನಿಯಂತ್ರಣ ಆಯೋಗದ ಅಧ್ಯಕ್ಷ ಬಹಿರಂಗವಾಗಿ ಎಚ್ಚರಿಕೆ ಕೊಟ್ಟ ಬೆನ್ನಿಗೆ ಎಬಿಸಿ ವಾಹಿನಿ ಜಿಮ್ಮಿ ಕಿಮ್ಮೆಲ್‌ರ ಕಾರ್ಯಕ್ರಮವನ್ನು ನಿಲ್ಲಿಸಿತು. ಜನರ ಪ್ರತಿಭಟನೆ ಎದ್ದಿತು. ಒಂದು ವಾರದೊಳಗೆ ಕಾರ್ಯಕ್ರಮ ಮರಳಿತು. ವ್ಯತ್ಯಾಸ ಇರುವುದು ಇಲ್ಲಿ. ಕೈರೋದಲ್ಲಿ ಮರಳಿ ಕರೆತರುವ ಜನರಿಗೆ ಬೀದಿಗಿಳಿಯುವ ಹಕ್ಕು ಇರಲಿಲ್ಲ. ಅಧಿಕಾರದ ಅಂಜಿಕೆ ಮಾತ್ರ ಎರಡೂ ಕಡೆ ಒಂದೇ.

ನಮ್ಮ ದೇಶಕ್ಕೆ, ನಮ್ಮ ರಾಜ್ಯಕ್ಕೆ ಬನ್ನಿ. 2021ರ ಜನವರಿ 1ರಂದು ಇಂದೋರಿನಲ್ಲಿ ಮುನವ್ವರ್ ಫಾರೂಖಿ ಎಂಬ ಯುವ ಹಾಸ್ಯಗಾರನನ್ನು ಬಂಧಿಸಲಾಯಿತು. ಆ ವೇದಿಕೆಯಲ್ಲಿ ಆತ ಆರೋಪಿತ ಮಾತುಗಳನ್ನು ಆಡಿಯೇ ಇರಲಿಲ್ಲ ಎಂದು ಅಲ್ಲಿದ್ದವರು ಹೇಳಿದರು. ಸುಪ್ರೀಮ್ ಕೋರ್ಟ್ ಜಾಮೀನು ಕೊಡುವ ತನಕ ಒಂದು ತಿಂಗಳಿಗೂ ಹೆಚ್ಚು ಕಾಲ ಆತ ಜೈಲಿನಲ್ಲಿದ್ದ. ಅದೇ ವರ್ಷದ ನವೆಂಬರ್ 28ರಂದು ಬೆಂಗಳೂರಿನಲ್ಲಿ ನಡೆಯಬೇಕಿದ್ದ ಆತನ ಕಾರ್ಯಕ್ರಮ, ಆತ ವಿವಾದಾಸ್ಪದ ವ್ಯಕ್ತಿ ಎಂದು ಪೊಲೀಸರು ಆಯೋಜಕರಿಗೆ ಪತ್ರ ಬರೆದ ಮೇಲೆ ರದ್ದಾಯಿತು. ನಾವು ಪ್ರತಿಭಟಿಸಿದೆವು. ಅದು ಸರಿಯಾದ ಪ್ರತಿಭಟನೆಯೇ. ಆದರೆ ಆ ದಿನ ನಾವು ಎತ್ತಿ ಹಿಡಿದ ಅಳತೆಗೋಲು, 2013ರ ಮಾರ್ಚ್‌ನಲ್ಲಿ ನಮ್ಮ ಕೈಯಲ್ಲಿ ಎಲ್ಲಿತ್ತು? ಭಾವನೆಗೆ ನೋವಾಯಿತು ಎಂಬ ಕಾರಣಕ್ಕೆ ಇಂದೋರಿನಲ್ಲಿ ಒಬ್ಬನನ್ನು ಜೈಲಿಗೆ ಹಾಕುವುದು ಅನ್ಯಾಯವಾದರೆ, ಭಾವನೆಗೆ ನೋವಾಯಿತು ಎಂಬ ಕಾರಣಕ್ಕೆ ಕೈರೋದಲ್ಲಿ ಒಬ್ಬನನ್ನು ಬಂಧಿಸಲು ಹೊರಡುವುದು ನ್ಯಾಯವಾಗುವುದು ಹೇಗೆ?

ನಮ್ಮ ಸುದ್ದಿವಾಹಿನಿಗಳಲ್ಲಿ ರಾತ್ರಿಯ ಮಾತುಕತೆಗೆ ಕೊರತೆಯಿಲ್ಲ. ಆದರೆ ಅಲ್ಲಿ ನಗೆ ಯಾರ ಮೇಲೆ ಬೀಳುತ್ತದೆ? 2020ರ ಮಾರ್ಚ್-ಏಪ್ರಿಲ್‌ನಲ್ಲಿ ಕೊರೋನಾ ಸೋಂಕನ್ನು ತಬ್ಲೀಗ್ ಜಮಾಅತ್‌ನ ತಲೆಗೆ ಕಟ್ಟಿ ರಾತ್ರಿಯಿಡೀ ಕಿರುಚಿದ್ದನ್ನು ನಾವು ಮರೆತಿಲ್ಲ. ಆ ಪ್ರಸಾರಗಳಿಗಾಗಿ ಸುದ್ದಿವಾಹಿನಿಗಳ ಸ್ವಯಂ ನಿಯಂತ್ರಣ ಪ್ರಾಧಿಕಾರ 2021ರ ಜೂನ್‌ನಲ್ಲಿ ಎರಡು ಕನ್ನಡ ವಾಹಿನಿಗಳಿಗೆ ದಂಡ ವಿಧಿಸಿತು. ಈ ಎರಡು ರಾತ್ರಿಗಳನ್ನು ಪಕ್ಕಪಕ್ಕದಲ್ಲಿಟ್ಟು ನೋಡಿದರೆ ಸೂರಃ ಅಲ್ ಹುಜುರಾತ್ ಯಾವುದನ್ನು ತಡೆಯುತ್ತದೆ ಎಂಬುದು ಬೇರೆ ವ್ಯಾಖ್ಯಾನವಿಲ್ಲದೆ ಅರ್ಥವಾಗುತ್ತದೆ. ಆಸ್ಪತ್ರೆಯ ಮಂಚದ ಮೇಲಿರುವ ಅಸಹಾಯಕನನ್ನು ತೋರಿಸಿ ನಗುವುದು ಗೇಲಿ. ಸಿಂಹಾಸನದ ಮೇಲಿರುವವನನ್ನು ನೋಡಿ ನಗುವುದು ಪ್ರಶ್ನೆ. ಮೊದಲನೆಯದನ್ನು ಸಹಿಸಿ ಎರಡನೆಯದನ್ನು ನಿಷೇಧಿಸುವ ದೇಶದಲ್ಲಿ ದುರ್ಬಲರು ನೆಮ್ಮದಿಯಿಂದ ಮಲಗಲಾರರು. ಅಲ್ಪಸಂಖ್ಯಾತರಾದ ನಮಗೆ ಇದು ಇತರರಿಗಿಂತ ಚೆನ್ನಾಗಿ ಗೊತ್ತಿರಬೇಕು.

ಗೊತ್ತಿದ್ದರೆ ಅದನ್ನು ಮನೆಯಿಂದಲೇ ಆರಂಭಿಸಬೇಕು. ನಮ್ಮ ಜಮಾಅತ್‌ಗಳ ವಾರ್ಷಿಕ ಸಭೆಯಲ್ಲಿ ಯುವಕನೊಬ್ಬ ಎದ್ದು ನಿಂತು ಲೆಕ್ಕದ ಬಗ್ಗೆ ಒಂದು ಚುಟುಕು ಮಾತಾಡಿದರೆ, ಹತ್ತು ಮಂದಿ ನಕ್ಕರೆ, ಆಮೇಲೆ ಏನಾಗುತ್ತದೆ? ಲೆಕ್ಕ ಹೊರಬರುವುದಿಲ್ಲ, ಆ ಯುವಕನ ತಂದೆಗೆ ಬುಲಾವ್ ಹೋಗುತ್ತದೆ. ಹಿರಿಯರಿಗೆ ಅದಬ್ ತೋರಿಸಲಿಲ್ಲ ಎಂಬ ಆರೋಪ ಬರುತ್ತದೆ. ಅದಬ್ ಅಗತ್ಯ ನಿಜ. ಆದರೆ ಲೆಕ್ಕ ಕೊಡುವುದೂ ಅದಬ್‌ನ ಭಾಗವೇ ಅಲ್ಲವೇ? ತನ್ನ ಮಸೀದಿಯ ಆಡಳಿತ ಸಮಿತಿಯ ಮುಂದೆ ತೆರೆಯಲಾಗದ ಬಾಯಿ ನಾಳೆ ಸರಕಾರದ ಮುಂದೆ ತೆರೆದೀತೆಂದು ನಿರೀಕ್ಷಿಸುವುದು ಹೇಗೆ?

ಬಾಸಿಮ್‌ರ ಬದುಕಿನಲ್ಲಿ ಇನ್ನೊಂದು ತಿರುವಿದೆ. 2023ರ ಅಕ್ಟೋಬರ್‌ನಲ್ಲಿ ಗಾಝಾದ ಮೇಲೆ ಬಾಂಬುಗಳು ಸುರಿಯುತ್ತಿದ್ದಾಗ ಅವರು ಬ್ರಿಟನ್ನಿನ ಪಿಯರ್ಸ್ ಮಾರ್ಗನ್‌ರ ಹರಟೆ ಕಾರ್ಯಕ್ರಮಕ್ಕೆ ಅತಿಥಿಯಾಗಿ ಹೋದರು. ಮೇಜಿನ ಆಚೆಗಲ್ಲ, ಈಚೆಗೆ ಕುಳಿತರು. ಪಶ್ಚಿಮದ ಮಾಧ್ಯಮಗಳು ಫೆಲೆಸ್ತೀನಿಯರ ಜೀವಕ್ಕೆ ಕಟ್ಟುವ ಬೆಲೆಯನ್ನು ಕಹಿಯಾದ ನಗೆಯಲ್ಲಿ ಬಿಚ್ಚಿಟ್ಟರು. ಅದನ್ನು ಕೋಟಿಗಟ್ಟಲೆ ಮಂದಿ ನೋಡಿದರು. ಒಂದು ಕಾಲದಲ್ಲಿ ಅವರನ್ನು ಶಪಿಸಿದ್ದ ನಮ್ಮವರೇ ಆ ತುಣುಕನ್ನು ಮೊಬೈಲಿನಿಂದ ಮೊಬೈಲಿಗೆ ದಾಟಿಸಿದರು. ನಾವೂ ದಾಟಿಸಿದೆವು. 2013ರಲ್ಲಿ ಅದೇ ನಾಲಿಗೆಯನ್ನು ಕತ್ತರಿಸಬೇಕೆಂದು ಬಯಸಿದವರ ಇಚ್ಛೆ ಈಡೇರಿದ್ದರೆ, 2023ರಲ್ಲಿ ಗಾಝಾದ ಮಕ್ಕಳ ಪರವಾಗಿ ಮಾತಾಡಲು ಅದು ಉಳಿಯುತ್ತಿತ್ತೇ? ದಾಟಿಸುವಾಗ ಈ ಪ್ರಶ್ನೆ ನಮಗೆ ಹೊಳೆಯಲಿಲ್ಲ.

ಈಗ ಹೊಳೆದಿದೆ. ಮುಂದೆ ಎಲ್ಲಿಯೇ ಆಗಲಿ, ಕೈರೋದಲ್ಲಾಗಲಿ ಬೆಂಗಳೂರಿನಲ್ಲಾಗಲಿ, ಆಳುವವರನ್ನು ನೋಡಿ ನಗುವ ಹೊಸ ಕಾರ್ಯಕ್ರಮವೊಂದು ಆರಂಭವಾದಾಗ ನಿರೂಪಕನ ಹೆಸರು, ಜಾತಿ, ವಾಹಿನಿಯ ಒಡೆಯ ಇವುಗಳನ್ನು ವಿಚಾರಿಸುವ ಮೊದಲು ನಮ್ಮನ್ನು ನಾವೇ ಒಂದು ಮಾತು ಕೇಳಿಕೊಳ್ಳೋಣ: ನಾಳೆ ನಾವು ಮತ ಹಾಕಿದವನೇ ಗೆದ್ದು ಬಂದಾಗ, ನಾವು ಪ್ರೀತಿಸುವವನೇ ಆ ಕುರ್ಚಿಯಲ್ಲಿ ಕುಳಿತಾಗ, ಈ ಕಾರ್ಯಕ್ರಮ ನಡೆಯಲಿ ಎಂದು ಹೇಳುವ ಧೈರ್ಯ ನಮಗಿದೆಯೇ? ಇದೆ ಎಂದಾದರೆ ಮಾತ್ರ, ಇಂದು ನಮ್ಮ ವಿರೋಧಿಯನ್ನು ನೋಡಿ ನಗುವ ಹಕ್ಕು ನಮಗಿದೆ.